ಸಾಕ್ಷಿ ಮುಖ ತೋರಿದಾಗ

ಇಂಗ್ಲಿಷಿನವರು ‘ಡಾಕ್ಯುಮೆಂಟರಿ’ ಎಂದು ಕರೆಯುವ ಬಗೆಯ ಚಲನಚಿತ್ರಕ್ಕೆ ಕನ್ನಡವು ‘ಸಾಕ್ಷ್ಯಚಿತ್ರ’ ಎಂಬ ಹೆಸರನ್ನಿತ್ತಿದೆ. ಈ ಪದವನ್ನು ಟಂಕಿಸಿದವರು ಯಾರೇ ಆಗಿರಲಿ, ಮೂಲಕ್ಕಿಂತ ಒಂದು ಹೆಜ್ಜೆ ಮುಂದೆ ಹೋಗಿ ಯೋಚಿಸಿದವರು. ಡಾಕ್ಯುಮೆಂಟ್ ಎಂದರೆ ದಾಖಲೆ. ದಾಖಲೆಗೆ ಮುಖ ಬೇಕಾಗಿಲ್ಲ. ನಮ್ಮ ರೈತನು ತರುವ ಉತಾರದ ಕಾಗದಕ್ಕೆ ಕಣ್ಣೂ ಇಲ್ಲ, ಬಾಯಿಯೂ ಇಲ್ಲ. ಸಾಕ್ಷ್ಯವು ಹಾಗಲ್ಲ. ಸಾಕ್ಷ್ಯವೆಂದರೆ ಅದನ್ನು ನುಡಿಯುವ ಸಾಕ್ಷಿಯೊಬ್ಬ ಇರಲೇಬೇಕು. ಅವನು ಕಟಕಟೆಯನ್ನೇರಿ, ತನ್ನ ಹೆಸರು ಹೇಳಿ, ತಾನು ಎಲ್ಲಿ ನಿಂತು ಏನನ್ನು ಕಂಡೆನೆಂಬುದನ್ನು ತಿಳಿಸಿ, ಎದುರು ವಕೀಲನ ಪಾಟೀಸವಾಲಿಗೆ ಒಳಗಾಗಬೇಕು. ಪರದೆಯ ಮರೆಯಿಂದ ಬರುವ ಧ್ವನಿಯನ್ನು ಯಾವ ನ್ಯಾಯಾಲಯವೂ ಸಾಕ್ಷ್ಯವೆಂದು ಸುಲಭವಾಗಿ ಒಪ್ಪದು. ಪ್ರೇಷಿತ ಯೊವಾನ್ನರು ತಮ್ಮ ಮೊದಲನೆಯ ಪತ್ರವನ್ನು ಆರಂಭಿಸುವಾಗಲೂ ತಾವು ಕಿವಿಯಾರೆ ಕೇಳಿದ, ಕಣ್ಣಾರೆ ಕಂಡ, ಕೈಯಾರೆ ಮುಟ್ಟಿದ ಸಂಗತಿಯನ್ನೇ ಸಾರುತ್ತಿರುವುದಾಗಿ ಹೇಳಿಕೊಳ್ಳುತ್ತಾರೆ. ಸಾಕ್ಷಿ ಎಂಬರ್ಥದ ಗ್ರೀಕ್ ಪದವೇ ಮುಂದೆ ಧರ್ಮಸಭೆಯಲ್ಲಿ ರಕ್ತಸಾಕ್ಷಿ ಎಂಬರ್ಥವನ್ನು ತಳೆಯಿತೆಂಬುದು ನಮ್ಮ ಓದುಗರಿಗೆ ತಿಳಿದಿರುವ ವಿಷಯವೇ.

ಆದರೆ ನಾವು ಚಿಕ್ಕಂದಿನಿಂದ ನೋಡುತ್ತ ಬಂದ ಸಾಕ್ಷ್ಯಚಿತ್ರಗಳಲ್ಲಿ ಸಾಕ್ಷಿಯೇ ಇರುತ್ತಿರಲಿಲ್ಲ. 1948ರಲ್ಲಿ ಕೇಂದ್ರ ಸರಕಾರವು ಫಿಲ್ಮ್ಸ್ ಡಿವಿಜನ್ ಎಂಬ ಸಂಸ್ಥೆಯನ್ನು ಸ್ಥಾಪಿಸಿತು. ಅದು ಸಿದ್ಧಪಡಿಸಿದ ಸಮಾಚಾರ ಚಿತ್ರವನ್ನು ಪ್ರತಿಯೊಂದು ಚಿತ್ರಮಂದಿರವೂ ಮುಖ್ಯ ಚಿತ್ರಕ್ಕೆ ಮೊದಲು ಕಡ್ಡಾಯವಾಗಿ ತೋರಿಸಬೇಕಾಗಿತ್ತು. ಜಾತ್ರೆಯ ಕಾಲಕ್ಕೆ ಬರುತ್ತಿದ್ದ ಟೂರಿಂಗ್ ಟಾಕೀಸಿನ ತಗಡಿನ ಕೆಳಗೆ ಕುಳಿತವರಿಗೆ ಆ ಗಂಭೀರ ಕಂಠ ಇಂದಿಗೂ ನೆನಪಿದ್ದೀತು. ಅಣೆಕಟ್ಟು ಕಟ್ಟಲ್ಪಡುತ್ತಿದೆ, ಪ್ರವಾಹ ಬಂದಿದೆ, ಮಂತ್ರಿಗಳು ಬಂದಿದ್ದಾರೆ ಎಂದು ಹೇಳುತ್ತ ಹೋಗುವ ಆ ಧ್ವನಿ ಯಾರದೆಂದು ಯಾರೂ ಕೇಳುತ್ತಿರಲಿಲ್ಲ. ಅದಕ್ಕೆ ಊರಿಲ್ಲ, ಜಾತಿಯಿಲ್ಲ, ದೇಹವಿಲ್ಲ. ಎಲ್ಲವನ್ನೂ ಬಲ್ಲ ಆ ಧ್ವನಿಗೆ ಸಿನಿಮಾ ವಿದ್ವಾಂಸರು ‘ದೇವವಾಣಿ’ ಎಂಬ ಅಡ್ಡಹೆಸರನ್ನಿಟ್ಟಿದ್ದಾರೆ.

ಈ ಅಡ್ಡಹೆಸರಿನ ಬಗ್ಗೆ ಗುರುಗಳಾದ ನಮ್ಮದೊಂದು ತಕರಾರಿದೆ. ನಮ್ಮ ದೇವರು ಹಾಗೆ ಮಾತನಾಡಿದವನಲ್ಲ. ಮೋಡದ ಮರೆಯಿಂದ ಕೇಳಿಬಂದ ಧ್ವನಿಯೇ ಸಾಕಾಗಿದ್ದರೆ ವಾರ್ತೆಯಾದವನು ಮನುಷ್ಯನಾಗಿ ನಮ್ಮ ನಡುವೆ ವಾಸಿಸಬೇಕಾದ ಅಗತ್ಯವೇ ಬೀಳುತ್ತಿರಲಿಲ್ಲ. ನಜರೇತಿನಂಥ ಸಣ್ಣ ಊರು, ಬಡಗಿಯ ಮನೆ, ಗಲಿಲೇಯದ ಉಚ್ಚಾರಣೆ, ಬೆವರು, ಕಣ್ಣೀರು, ಇವೆಲ್ಲವುಗಳೊಂದಿಗೆ ಅವನು ಬಂದನು. ಎದುರಾದವರು ಅವನನ್ನು ಪ್ರಶ್ನಿಸಬಹುದಾಗಿತ್ತು, ಪ್ರಶ್ನಿಸಿದರು, ಕೊನೆಗೆ ಕಟಕಟೆಗೂ ಎಳೆದರು. ಮನುಷ್ಯಾವತಾರವನ್ನು ನಂಬುವವರಿಗೆ ಅಶರೀರವಾಣಿಯ ಮೇಲೆ ಅಷ್ಟೊಂದು ಭಕ್ತಿ ಇರಬೇಕಾಗಿಲ್ಲ.

ಸಿನಿಮಾದವರಿಗೂ ಈ ಸಂಶಯ ಬಹಳ ಹಿಂದೆಯೇ ಮೂಡಿತ್ತು. ಪ್ಯಾರಿಸಿನಲ್ಲಿ 1960ರ ಬೇಸಗೆಯಲ್ಲಿ ಜ್ಯಾನ್ ರೂಶ್ ಮತ್ತು ಎಡ್ಗರ್ ಮೋರಿನ್ ಎಂಬಿಬ್ಬರು ಸಾಮಾನ್ಯ ಜನರ ಬದುಕನ್ನು ಚಿತ್ರೀಕರಿಸಿದರು. ತಾವೂ ಅವರ ಜೊತೆ ಊಟದ ಮೇಜಿಗೆ ಕುಳಿತು, ಚಿತ್ರವನ್ನು ಅದರಲ್ಲಿದ್ದವರಿಗೇ ತೋರಿಸಿ, ಅವರ ಬೈಗುಳವನ್ನೂ ಚಿತ್ರದೊಳಗೆ ಸೇರಿಸಿಕೊಂಡರು. ಆದರೆ ಇಂದು ನಾವು ಬರೆಯಹೊರಟಿರುವುದು ಪ್ಯಾರಿಸಿನವರ ಬಗ್ಗೆ ಅಲ್ಲ, ನಮ್ಮದೇ ರಾಜ್ಯದ ಬೆಂಗಳೂರಿನಲ್ಲಿದ್ದುಕೊಂಡು ಚಿತ್ರಗಳನ್ನು ಮಾಡಿದ ಶಬ್ನಮ್ ವೀರಮಾನಿ ಎಂಬ ಮಹಿಳೆಯ ಬಗ್ಗೆ. ಅವರ ಒಂದು ಚಿತ್ರದ ಕೂಸು ಹುಟ್ಟಿದ್ದು ನಮ್ಮ ಬೆಳಗಾವಿ ಜಿಲ್ಲೆಯ ಮಣ್ಣಿನಲ್ಲಿ. ಅದನ್ನು ಮುಂದೆ ಹೇಳುತ್ತೇವೆ.

ವೀರಮಾನಿಯವರು ಮೊದಲಿಗೆ ಪತ್ರಕರ್ತೆ. ಬಳಿಕ ಅಹಮದಾಬಾದಿನಲ್ಲಿ ‘ದೃಷ್ಟಿ’ ಎಂಬ ಸಂಸ್ಥೆಯನ್ನು ಕಟ್ಟಿದವರಲ್ಲಿ ಒಬ್ಬರಾಗಿ ಹೆಣ್ಣುಮಕ್ಕಳ ಹೋರಾಟಗಳ ಕುರಿತು ಚಿತ್ರಗಳನ್ನು ಮಾಡಿದರು. ಆಂಧ್ರದ ನೆಲ್ಲೂರು ಜಿಲ್ಲೆಯ ಹಳ್ಳಿಯ ಹೆಂಗಸರು ಸಾರಾಯಿಯ ವಿರುದ್ಧ ಎದ್ದುನಿಂತ ಕಥೆಯನ್ನು ಹೇಳುವ, 1996ರಲ್ಲಿ ಬಂದ ಚಿತ್ರ ಅವುಗಳಲ್ಲೊಂದು. ಕುಡಿತದಿಂದ ಹಾಳಾದ ಸಂಸಾರಗಳನ್ನು ದಿನವೂ ಕಾಣುವ ನಮ್ಮಂಥವರು ಅದನ್ನೊಮ್ಮೆ ನೋಡಬೇಕು. ಈ ಬಗೆಯ ಚಿತ್ರಗಳಲ್ಲಿ ಚಿತ್ರ ಮಾಡಿದವರು ಮುಂದೆ ಬರುವ ಅಗತ್ಯವಿರಲಿಲ್ಲ. ತಪ್ಪು ಯಾರದು, ನೋವು ಯಾರದು ಎಂಬುದು ಅಲ್ಲಿ ಸ್ಪಷ್ಟವಾಗಿತ್ತು.

2002ರಲ್ಲಿ ಗುಜರಾತ್ ಹೊತ್ತಿ ಉರಿಯಿತು. ಫೆಬ್ರುವರಿ 27ರಂದು ಗೋಧ್ರಾದಲ್ಲಿ ರೈಲಿಗೆ ಬೆಂಕಿ ಬಿದ್ದು 59 ಜನ ಸತ್ತರು. ಅದರ ಬೆನ್ನಿಗೇ ನಡೆದ ಹಿಂಸೆಯಲ್ಲಿ ಸಾವಿರಕ್ಕೂ ಹೆಚ್ಚು ಜನ ಪ್ರಾಣ ಕಳೆದುಕೊಂಡರು, ಅವರಲ್ಲಿ ಬಹುಪಾಲು ಮುಸಲ್ಮಾನರು. ಆ ದಿನಗಳಲ್ಲಿ ಅಹಮದಾಬಾದಿನಲ್ಲಿದ್ದ ವೀರಮಾನಿಯವರ ಕಿವಿಗೆ ಬಿದ್ದದ್ದು 15ನೆಯ ಶತಮಾನದ ನೇಕಾರ ಕಬೀರನ ಕೂಗು. 2003ರಿಂದ ಅವರು ಬೆಂಗಳೂರಿನ ಸೃಷ್ಟಿ ಕಲಾಶಾಲೆಯಲ್ಲಿ ನೆಲೆಸಿ, ಕಬೀರನನ್ನು ಹಾಡುವವರನ್ನು ಹುಡುಕುತ್ತ ಮಾಳ್ವ, ರಾಜಸ್ಥಾನ, ಅಯೋಧ್ಯೆ, ಗಡಿಯಾಚೆಯ ಕರಾಚಿಯವರೆಗೆ ಅಲೆದರು. ವರ್ಷಗಟ್ಟಲೆ ಅಲೆದ ಮೇಲೆ ದೊರೆತದ್ದು ನಾಲ್ಕು ಚಿತ್ರಗಳು: ‘ಹದ್ ಅನಹದ್’, ‘ಚಲೋ ಹಮಾರಾ ದೇಸ್’, ‘ಕೋಯಿ ಸುನತಾ ಹೈ’ ಮತ್ತು ‘ಕಬೀರಾ ಖಡಾ ಬಜಾರ್ ಮೇಂ’. ಪ್ರತಿಯೊಂದೂ ಸುಮಾರು ಒಂದೂವರೆ ಗಂಟೆಯದು.

ಈ ಚಿತ್ರಗಳಲ್ಲಿ ಅವರು ಕ್ಯಾಮೆರಾದ ಹಿಂದೆ ಅಡಗಿ ಕುಳಿತಿಲ್ಲ. ‘ಹದ್ ಅನಹದ್’ನಲ್ಲಿ ನಾವು ಕೇಳುವುದು ಅವರದೇ ಧ್ವನಿ, ನಡೆಯುವುದು ಅವರದೇ ಪಯಣ. ಮುಸಲ್ಮಾನರ ಮನೆಯಲ್ಲಿ ಬೆಳೆದ ಕಬೀರನು ಬಾಯಿತುಂಬ ಕರೆದ ರಾಮ ಯಾವ ರಾಮ? ಈ ಒಂದು ಪ್ರಶ್ನೆಯನ್ನು ಜೋಳಿಗೆಯಲ್ಲಿಟ್ಟುಕೊಂಡು ಹೊರಡುತ್ತಾರೆ. ಮಾಳ್ವದ ಪ್ರಹ್ಲಾದ ಸಿಂಗ್ ಟಿಪಾನಿಯಾ, ರಾಜಸ್ಥಾನದ ಮುಖ್ತಿಯಾರ್ ಅಲಿ, ಸಿಂಧ್ ಪ್ರಾಂತದ ಶಫಿ ಮುಹಮ್ಮದ್ ಫಕೀರ, ಕರಾಚಿಯ ಕವ್ವಾಲಿ ಗಾಯಕ ಫರೀದ್ ಅಯಾಜ್, ಇವರೆಲ್ಲರ ಎದುರು ಶಿಷ್ಯೆಯಂತೆ ಕುಳಿತು ಕೇಳುತ್ತಾರೆ. ಗಡಿಯ ಈಚೆಗೂ ಆಚೆಗೂ ಅದೇ ಹಾಡು. ಇಷ್ಟೇ ಆಗಿದ್ದರೆ ಅದೊಂದು ಸೌಹಾರ್ದದ ಭಾಷಣವಾಗಿ ಮುಗಿಯುತ್ತಿತ್ತು. ಅಂಥ ಭಾಷಣಗಳನ್ನು ವರ್ಷಕ್ಕೆ ನಾಲ್ಕಾರು ಸಲ ನಾವೂ ವೇದಿಕೆಯ ಮೇಲೆ ಕುಳಿತು ಕೇಳುತ್ತೇವೆ, ಮಾಡುತ್ತೇವೆ ಕೂಡ. ಆದರೆ ಹಾಡುಗಾರರು ಈ ಹೆಣ್ಣುಮಗಳನ್ನು ಸುಮ್ಮನೆ ಬಿಡುವುದಿಲ್ಲ. ಬೇರೆಯವರ ದ್ವೇಷವನ್ನು ಶೋಧಿಸಲು ಬಂದವರಿಗೆ ಕಬೀರನ ಹಾಡು ಮೊದಲು ನಿನ್ನ ಮನೆಯನ್ನು ಗುಡಿಸು ಎನ್ನುತ್ತದೆ. ಕೋಮುವಾದಿ ಎಂಬುವನು ಎಲ್ಲೋ ಹೊರಗೆ ಇದ್ದಾನೆ, ನಾನು ಮಾತ್ರ ಶುದ್ಧಳು ಎಂಬ ನೆಮ್ಮದಿಯೂ ಒಂದು ‘ಹದ್ದು’, ಒಂದು ಗಡಿಯೇ ಅಲ್ಲವೆ? ಈ ಪ್ರಶ್ನೆ ಚಿತ್ರ ಮಾಡುವವಳಿಗೇ ತಗುಲಿದ ಮೇಲೆ ಅವಳು ಚಿತ್ರದ ಹೊರಗೆ ಉಳಿಯುವುದಾದರೂ ಹೇಗೆ?

ಇನ್ನು ಬೆಳಗಾವಿಯ ಮಣ್ಣಿನ ವಿಚಾರ. ‘ಕೋಯಿ ಸುನತಾ ಹೈ’ ಚಿತ್ರವು ಹಿಂದೂಸ್ತಾನಿ ಗಾಯಕ ಕುಮಾರ ಗಂಧರ್ವರನ್ನು ಅರಸಿ ಹೊರಟದ್ದು. ಅವರ ಹುಟ್ಟುಹೆಸರು ಶಿವಪುತ್ರ ಸಿದ್ಧರಾಮಯ್ಯ ಕೊಂಕಾಳಿಮಠ. ಅವರು ಹುಟ್ಟಿದ್ದು 1924ರ ಏಪ್ರಿಲ್ 8ರಂದು, ಬೆಳಗಾವಿಗೆ ಹತ್ತಿರದ ಸುಳೇಭಾವಿಯಲ್ಲಿ. ಹೆಸರಿನಲ್ಲಿ ಬಾವಿಯನ್ನಿಟ್ಟುಕೊಂಡ ನಮ್ಮ ಪಾಲಬಾವಿಯವರಿಗೆ ಆ ಭಾವಿಯೂ ನೆಂಟನಂತೆಯೇ ಕೇಳಿಸೀತು. ಹುಡುಗನಾಗಿದ್ದಾಗಲೇ ದೊಡ್ಡ ಗಾಯಕನೆನಿಸಿಕೊಂಡ ಅವರಿಗೆ ಇಪ್ಪತ್ತರ ಹರೆಯದಲ್ಲಿ ಕ್ಷಯ ತಗಲಿತು. ಒಣ ಹವೆಗಾಗಿ ಮಾಳ್ವದ ದೇವಾಸಕ್ಕೆ ಹೋದರು. ಸುಮಾರು ಐದು ವರ್ಷ ಹಾಡುವಂತಿರಲಿಲ್ಲ. ಹಾಸಿಗೆಯಲ್ಲಿ ಮಲಗಿದವನ ಕಿವಿಗೆ ಬೀದಿಯಲ್ಲಿ ಹಾದುಹೋಗುವ ಭಿಕ್ಷುಕರ, ನಾಥಪಂಥಿಗಳ, ಬೀಸುವ ಹೆಂಗಸರ ಹಾಡು ಬೀಳುತ್ತಿತ್ತು. ಸ್ಟ್ರೆಪ್ಟೊಮೈಸಿನ್ ಔಷಧವು ಬಂದು ಜೀವ ಉಳಿದಾಗ ಒಂದು ಶ್ವಾಸಕೋಶ ಹಾಳಾಗಿತ್ತು. ಅಳಿದುಳಿದ ಉಸಿರಿನಲ್ಲಿ ಅವರು ಕಬೀರನ ನಿರ್ಗುಣ ಪದಗಳನ್ನು ಹಾಡಿದ ರೀತಿ ಹಿಂದೆಂದೂ ಇದ್ದಿರಲಿಲ್ಲ. 1992ರ ಜನವರಿ 12ರಂದು ದೇವಾಸದಲ್ಲಿಯೇ ತೀರಿಕೊಂಡರು. ಕನ್ನಡದ ಮನೆಯಲ್ಲಿ ಹುಟ್ಟಿ ಮಾಳ್ವದ ಭಿಕ್ಷುಕನಿಂದ ಕಲಿತ ಈ ಮಹಾನುಭಾವನ ಬಗ್ಗೆ ನಮ್ಮ ಜಿಲ್ಲೆಯ ಶಾಲೆಗಳಲ್ಲಿ ಇನ್ನಷ್ಟು ಹೇಳಿಕೊಡಬೇಕಾಗಿತ್ತು.

ವೀರಮಾನಿಯವರೂ ಇದೇ ದಾರಿ ಹಿಡಿದರು. ಐದು ತಂತಿಯ ತಂಬೂರಿಯನ್ನು ಹಿಡಿದು ಹಳ್ಳಿಯ ಗಾಯಕರಿಂದ ಹಾಡಲು ಕಲಿತರು. ಚಿತ್ರ ಮಾಡಲು ಹೋದವರು ಹಾಡುಗಾರ್ತಿಯಾಗಿ ಹಿಂದಿರುಗಿದರು. ನಮ್ಮ ಕಡೆ ಅಮವಾಸ್ಯೆಯ ರಾತ್ರಿ ಏಕತಾರಿ ಹಿಡಿದು ಕೂಡುವ ಭಜನಾ ಮೇಳದವರನ್ನು, ಶಿಶುನಾಳ ಶರೀಫರ ಪದಗಳನ್ನು ಹಾಡುವವರನ್ನು ಬಲ್ಲವರಿಗೆ ಇದು ಅಚ್ಚರಿಯಲ್ಲ. ಆ ಮೇಳದಲ್ಲಿ ಕೇಳುಗನೆಂದು ದೂರ ಕುಳಿತುಕೊಳ್ಳಲು ಬಿಡುವುದೇ ಇಲ್ಲ. ತಾಳವನ್ನಾದರೂ ಕೈಗೆ ಕೊಡುತ್ತಾರೆ.

ಕೆಲವು ಕುಟುಂಬಗಳೊಂದಿಗೆ ಕುಳಿತು ಈ ಚಿತ್ರಗಳನ್ನು ನಾವು ನೋಡಿದಾಗ ಹಿರಿಯರೊಬ್ಬರು ನೇರವಾಗಿ ಕೇಳಿದರು: “ಫಾದರ, ಈಕಿ ಯಾಕ ನಡನಡುವ ಬರತಾಳ? ಹಾಡವರನ್ನ ತೋರಿಸಿದ್ರ ಸಾಕಿತ್ತಲ್ಲ?” ಒಳ್ಳೆಯ ಪ್ರಶ್ನೆ. ಅದರ ಹಿಂದೆ ನಮ್ಮ ಧರ್ಮೋಪದೇಶವೇ ಇದೆ. ನಮ್ರತೆ ಎಂದರೆ ತನ್ನನ್ನು ಮರೆಸುವುದು, ಬಲಗೈ ಮಾಡಿದ್ದು ಎಡಗೈಗೆ ತಿಳಿಯದಂತೆ ಇರುವುದು ಎಂದೇ ನಾವು ಮಕ್ಕಳಿಗೆ ಕಲಿಸಿದ್ದೇವೆ. ಹಾಗಿರುವಾಗ ತನ್ನ ಚಿತ್ರದಲ್ಲಿ ತಾನೇ ಬಂದು ನಿಲ್ಲುವುದು ಅಹಂಕಾರವಲ್ಲವೆ?

ಲೂಕನ ಶುಭಸಂದೇಶದ 18ನೆಯ ಅಧ್ಯಾಯದಲ್ಲಿ ಇಬ್ಬರು ಪ್ರಾರ್ಥಿಸಲು ದೇವಾಲಯಕ್ಕೆ ಹೋಗುತ್ತಾರೆ. ಫರಿಸಾಯನ ಪ್ರಾರ್ಥನೆ ‘ನಾನು’ ಎಂಬುದರಿಂದ ತುಂಬಿದೆಯೆಂದು ನಾವೆಲ್ಲ ಪ್ರಬೋಧನೆಯಲ್ಲಿ ಹೇಳುತ್ತೇವೆ. ಆದರೆ ಸುಂಕದವನ ಪ್ರಾರ್ಥನೆಯನ್ನೂ ಗಮನಿಸಬೇಕು. ಅವನೂ ಬೇಡುವುದು ತನಗಾಗಿಯೇ, ಹೇಳುವುದು ತನ್ನ ವಿಷಯವನ್ನೇ. ಅವನು ಜಗತ್ತಿನ ಪಾಪದ ಬಗ್ಗೆ ಸಾಮಾನ್ಯ ಹೇಳಿಕೆ ಕೊಟ್ಟು ನುಣುಚಿಕೊಳ್ಳಲಿಲ್ಲ. ಇಬ್ಬರೂ ‘ನಾನು’ ಎಂದರು. ಒಬ್ಬನ ‘ನಾನು’ ಮಗ್ಗುಲಲ್ಲಿದ್ದವನನ್ನು ತೋರಿಸಿ ತಾನು ಎತ್ತರವಾಗಲು ಬಂದದ್ದು. ಇನ್ನೊಬ್ಬನ ‘ನಾನು’ ತೀರ್ಪಿಗೆ ತಲೆಯೊಡ್ಡಲು ಬಂದದ್ದು. ಸಂತ ಅಗಸ್ಟಿನರು 4ನೆಯ ಶತಮಾನದ ಕೊನೆಯಲ್ಲಿ ತಮ್ಮ ‘ನಿವೇದನೆ’ಗಳನ್ನು ಬರೆದಾಗ ಈ ಎರಡನೆಯ ‘ನಾನು’ ಗ್ರಂಥವಾಗಿ ರೂಪುಗೊಂಡಿತು. ಹುಡುಗರೊಂದಿಗೆ ಸೇರಿ ಪೇರಲೆಯಂಥ ಒಂದು ಹಣ್ಣನ್ನು ಕದ್ದದ್ದನ್ನು ಒಬ್ಬ ಬಿಷಪರು ಪುಟಗಟ್ಟಲೆ ಬರೆದರೆ ಅದನ್ನು ಅಹಂಕಾರವೆನ್ನಲಾದೀತೆ?

ಚಿತ್ರಕಲೆಯಲ್ಲಿಯೂ ಇಂಥದೊಂದು ಉದಾಹರಣೆಯಿದೆ. ಇಟಲಿಯ ಕಾರವಾಜ್ಜೊ 1602ರಲ್ಲಿ ‘ಕ್ರಿಸ್ತನ ಬಂಧನ’ವನ್ನು ಚಿತ್ರಿಸಿದನು. ಅದು ಬೇರೊಬ್ಬ ಕಲಾವಿದನ ಹೆಸರಿನಲ್ಲಿ ಡಬ್ಲಿನ್ ನಗರದ ಯೇಸುಸಭೆಯವರ ಊಟದ ಕೋಣೆಯಲ್ಲಿ ದಶಕಗಳ ಕಾಲ ತೂಗುತ್ತಿತ್ತು. 1990ರಲ್ಲಿ ತಜ್ಞರೊಬ್ಬರು ಅದರ ನಿಜವಾದ ಕರ್ತೃವನ್ನು ಗುರುತಿಸಿದರು. (ಊಟದ ಮೇಲೆ ಅಷ್ಟು ಗಮನವಿಟ್ಟ ಆ ಪೂಜ್ಯರನ್ನು ದೂರುವ ಹಾಗಿಲ್ಲ.) ಯೂದನು ಮುತ್ತಿಡುತ್ತಿದ್ದಾನೆ, ಸೈನಿಕರು ಕೈಹಾಕಿದ್ದಾರೆ, ಚಿತ್ರದ ಬಲತುದಿಯಲ್ಲಿ ಒಬ್ಬನು ಲಾಂದ್ರವನ್ನೆತ್ತಿ ಹಿಡಿದು ಇಣುಕಿ ನೋಡುತ್ತಿದ್ದಾನೆ. ಆ ಮುಖ ಕಾರವಾಜ್ಜೊನದೇ ಎಂಬುದು ವಿದ್ವಾಂಸರ ಸಾಮಾನ್ಯ ಅಭಿಪ್ರಾಯ. ಅವನು ನಿಂತಿರುವುದಾದರೂ ಎಲ್ಲಿ? ಶಿಷ್ಯರ ಪಕ್ಕದಲ್ಲಲ್ಲ, ಬಂಧಿಸಲು ಬಂದವರ ಗುಂಪಿನಲ್ಲಿ. ಬೆಳಕು ಹಿಡಿದವನೂ ಅವನೇ, ಆ ಬೆಳಕಿನಲ್ಲಿ ಸಿಕ್ಕಿಬಿದ್ದವನೂ ಅವನೇ. ಚಿತ್ರ ತೆಗೆಯುವವನ ಕೆಲಸವನ್ನು ಇದಕ್ಕಿಂತ ನಿಷ್ಠುರವಾಗಿ ತೋರಿಸಿದ ಇನ್ನೊಂದು ಚಿತ್ರವನ್ನು ನಾವು ಕಂಡಿಲ್ಲ.

ಹಾಗೆ ಸಿಕ್ಕಿಬೀಳುವ ಧೈರ್ಯವನ್ನು ನಮ್ಮ ದೇಶದ ನಿಷ್ಠಾ ಜೈನ್ ಎಂಬ ನಿರ್ದೇಶಕಿ 2007ರ ‘ಲಕ್ಷ್ಮೀ ಆ್ಯಂಡ್ ಮಿ’ ಚಿತ್ರದಲ್ಲಿ ತೋರಿದ್ದಾರೆ. ಮುಂಬಯಿಯಲ್ಲಿ ತಮ್ಮದೇ ಮನೆಯ ಕಸಮುಸುರೆ ಮಾಡುವ ಇಪ್ಪತ್ತೊಂದರ ಹುಡುಗಿಯ ಬದುಕನ್ನು ಅವರು ಚಿತ್ರೀಕರಿಸಿದರು. ಕೂಲಿ ಕೊಡುವ ಒಡತಿ ಕ್ಯಾಮೆರಾದ ಹಿಂದೆಯೇ ಉಳಿದಿದ್ದರೆ ಅದು ಬಡವರ ಬಗೆಗಿನ ಇನ್ನೊಂದು ಕರುಣಾಜನಕ ಚಿತ್ರವಾಗುತ್ತಿತ್ತು. ಒಡತಿಯೂ ಚೌಕಟ್ಟಿನೊಳಗೆ ಬಂದಾಗ ಯಾರು ನೆಲದ ಮೇಲೆ, ಯಾರು ಕುರ್ಚಿಯ ಮೇಲೆ ಎಂಬುದು ನೋಡುವವರ ಕಣ್ಣಿಗೆ ಬಿತ್ತು. ನಮ್ಮ ಕಥೋಲಿಕ ಮನೆಗಳ ಹಿತ್ತಲ ಬಾಗಿಲಲ್ಲಿಯೂ ಒಂದು ಕ್ಯಾಮೆರಾ ನಿಂತರೆ ಏನು ಕಂಡೀತು ಎಂಬುದನ್ನು ತಾಯಂದಿರು ಯೋಚಿಸಿ ನೋಡಲಿ. ಗುರುಮನೆಯ ಹಿತ್ತಲೂ ಇದಕ್ಕೆ ಹೊರತಲ್ಲ.

ಫ್ರಾನ್ಸಿನ ಆನ್ಯೆಸ್ ವಾರ್ದಾ ಎಂಬ ಅಜ್ಜಿ, ಹೌದು ಅಜ್ಜಿಯೇ, ಎಪ್ಪತ್ತು ದಾಟಿದ ಮೇಲೆ ಸಣ್ಣದೊಂದು ಡಿಜಿಟಲ್ ಕ್ಯಾಮೆರಾ ಹಿಡಿದು ಹಕ್ಕಲಾಯುವವರ ಕುರಿತು ಚಿತ್ರ ಮಾಡಿದರು. ಅದು ತೆರೆಕಂಡದ್ದು 2000ದಲ್ಲಿ. ಕೊಯ್ಲಾದ ಹೊಲದಲ್ಲಿ ಉಳಿದ ತೆನೆಯನ್ನು, ಆಕಾರ ಸರಿಯಿಲ್ಲವೆಂದು ಬಿಸಾಡಿದ ಆಲೂಗಡ್ಡೆಯನ್ನು, ಸಂತೆ ಮುಗಿದ ಮೇಲೆ ನೆಲದಲ್ಲಿ ಬಿದ್ದ ಸೊಪ್ಪನ್ನು ಆಯುವ ಬಡವರು ಅದರಲ್ಲಿದ್ದಾರೆ. ಹಕ್ಕಲನ್ನು ಬಡವರಿಗೂ ಪರದೇಶಿಗಳಿಗೂ ಬಿಡಬೇಕೆಂಬ ಯಾಜಕಕಾಂಡದ ಕಟ್ಟಳೆಯನ್ನೂ, ಬೋವಜನ ಹೊಲದ ರೂತಳನ್ನೂ ಬಲ್ಲ ನಮಗೆ, ಜೋಳದ ರಾಶಿಯಾದ ಮೇಲೆ ಹೊಲದಲ್ಲಿ ಬಗ್ಗಿ ನಡೆಯುವ ಮುದುಕಿಯರನ್ನು ಕಂಡ ನಮಗೆ, ಈ ಚಿತ್ರಕ್ಕೆ ಅನುವಾದ ಬೇಡ. ನಡುವೆ ವಾರ್ದಾ ಒಂದು ಕೈಯಲ್ಲಿ ಕ್ಯಾಮೆರಾ ಹಿಡಿದು ತಮ್ಮ ಇನ್ನೊಂದು ಕೈಯನ್ನು ತೋರಿಸುತ್ತಾರೆ: ಸುಕ್ಕು, ಕಪ್ಪು ಮಚ್ಚೆ, ಉಬ್ಬಿದ ನರ. ತಾನೂ ಹೊಲದ ಅಂಚಿನಲ್ಲಿ ಉಳಿದವಳು, ಬಿಟ್ಟುಹೋದ ದೃಶ್ಯಗಳನ್ನು ಆಯುವವಳು ಎಂದು ಹೇಳುವ ರೀತಿ ಅದು. ಅವರು 2019ರ ಮಾರ್ಚಿನಲ್ಲಿ ತಮ್ಮ 90ನೆಯ ವಯಸ್ಸಿನಲ್ಲಿ ತೀರಿಕೊಂಡರು.

ಇಂದು ನಮ್ಮ ಹುಡುಗ ಹುಡುಗಿಯರೆಲ್ಲರ ಕೈಯಲ್ಲಿಯೂ ಕ್ಯಾಮೆರಾ ಇದೆ, ಅದು ಅವರವರ ಮುಖದತ್ತಲೇ ತಿರುಗಿರುತ್ತದೆ. ಬಲಿಪೂಜೆಯ ನಡುವೆಯೂ ತಿರುಗುವುದುಂಟು. ಅದನ್ನು ಬೈಯುವುದು ಸುಲಭ, ಬೈದದ್ದೂ ಸಾಕಷ್ಟಾಗಿದೆ. ಮುಖ ತೋರಿಸುವುದೇ ದೋಷವೆಂದು ನಮಗನ್ನಿಸುವುದಿಲ್ಲ. ಆ ಫೋನಿನ ಚಿತ್ರದಲ್ಲಿ ಅವರಿಗೆ ಎದುರಾಡುವವರು ಯಾರೂ ಇಲ್ಲ ಎಂಬುದೇ ನಮ್ಮ ಚಿಂತೆ. ಕಟಕಟೆ ಇದೆ, ಸಾಕ್ಷಿ ಸಿಂಗರಿಸಿಕೊಂಡು ನಿಂತಿದ್ದಾನೆ, ಪಾಟೀಸವಾಲು ಮಾತ್ರ ಇಲ್ಲ. ವೀರಮಾನಿಯವರ ಚಿತ್ರಗಳಲ್ಲಿ ಮುಖ್ತಿಯಾರ್ ಅಲಿ ಇದ್ದಾರೆ, ಟಿಪಾನಿಯಾ ಇದ್ದಾರೆ, ಅವರ ಹಾಡಿದೆ; ಅವರ ಎದುರು ಕುಳಿತಾಗ ತೋರಿಸಿಕೊಳ್ಳಲು ಹೆಚ್ಚೇನೂ ಉಳಿಯುವುದಿಲ್ಲ.

ಕಬೀರನೊಂದಿಗೆ ನಮಗೆ ಪೂರ್ಣ ಒಪ್ಪಿಗೆಯಿಲ್ಲವೆಂಬುದನ್ನೂ ಇಲ್ಲಿಯೇ ಹೇಳಿಬಿಡುವುದು ಲೇಸು. ಅವನ ರಾಮನು ರೂಪವಿಲ್ಲದವನು, ಗುಣವಿಲ್ಲದವನು. ನಾವು ಆರಾಧಿಸುವ ದೇವರಿಗೆ ತಾಯಿಯೊಬ್ಬಳಿದ್ದಾಳೆ, ಗಾಯದ ಗುರುತುಗಳಿವೆ. ಆದರೂ ಗುಡಿ, ಮಸೀದಿಗಳ ಪೂಜಾರಿ, ಮುಲ್ಲಾಗಳನ್ನು ಅವನು ಝಾಡಿಸುವಾಗ ಇಗರ್ಜಿಯ ಗುರುವೊಬ್ಬನು ತನ್ನನ್ನು ಬಿಟ್ಟು ಹೇಳಿದನೆಂದು ಸಮಾಧಾನಪಟ್ಟುಕೊಳ್ಳುವಂತಿಲ್ಲ.

ಅದಕ್ಕೇ ‘ಕಬೀರಾ ಖಡಾ ಬಜಾರ್ ಮೇಂ’ ನಮ್ಮನ್ನು ಹೆಚ್ಚು ಕಾಡಿದ ಚಿತ್ರ. 58ನೆಯ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಇದಕ್ಕೆ ತೀರ್ಪುಗಾರರ ವಿಶೇಷ ಪ್ರಶಸ್ತಿ ದೊರೆಯಿತು. ಟಿಪಾನಿಯಾ ಅವರು ಮಾಳ್ವದ ಲೂನ್ಯಾಖೇಡಿಯ ದಲಿತ ಕುಟುಂಬದವರು, ಶಾಲಾ ಮಾಸ್ತರರಾಗಿದ್ದವರು, 2011ರಲ್ಲಿ ಪದ್ಮಶ್ರೀ ಪಡೆದವರು. ಮೂರ್ತಿ, ಮಂತ್ರ, ಮಹಂತರನ್ನು ಗೇಲಿ ಮಾಡುವ ಕಬೀರನನ್ನು ಜೀವಮಾನವಿಡೀ ಹಾಡಿದ ಇವರೇ ಒಂದು ದಿನ ಕಬೀರ ಪಂಥದ ಮಹಂತರಾಗಿ, ಚೌಕಾ ಆರತಿ ಎಂಬ ಪೂಜಾವಿಧಿಯನ್ನು ನಡೆಸಲಾರಂಭಿಸಿದರು. ವಿಚಾರವಾದಿ ಗೆಳೆಯರಿಗೆ ಆಘಾತ. ಟಿಪಾನಿಯಾ ಅವರ ವಾದವೂ ಹಗುರವಾದದ್ದಲ್ಲ: ವಿಧಿಯ ನೆಪದಲ್ಲಿ ಜನ ಸೇರುತ್ತಾರೆ, ಸೇರಿದವರ ಕಿವಿಗೆ ಕಬೀರನ ಮಾತು ಬೀಳುತ್ತದೆ. ಗೆಳೆತನ ಮುರಿಯದೆ ಪ್ರಶ್ನೆ ಕೇಳುವುದು ಹೇಗೆಂಬುದನ್ನು ಅಲ್ಲಿ ಕಾಣಬಹುದು. ಪ್ರಶ್ನಿಸುವವರು ತೀರ್ಪು ಕೊಡುವ ಅಶರೀರವಾಣಿಯಾಗಿದ್ದರೆ ಆ ಮನುಷ್ಯ ಒಂದೇ ಏಟಿಗೆ ಢೋಂಗಿಯೆನಿಸಿಕೊಳ್ಳುತ್ತಿದ್ದರು. ಅವರ ಮನೆಯ ಅನ್ನ ಉಂಡು, ಅವರಿಂದ ಹಾಡು ಕಲಿತವರು ಕೇಳುವಾಗ ಪ್ರಶ್ನೆಯ ತೂಕ ಬೇರೆ.

ಈ ಚಿತ್ರ ಮುಗಿದ ಮೇಲೆ ನಮ್ಮ ಕುಟುಂಬಗಳಲ್ಲಿ ಎರಡು ಪಕ್ಷಗಳಾದವು. ಹರೆಯದವರು ಮಹಂತಗಿರಿಯನ್ನು ಟಿಪಾನಿಯಾ ಒಪ್ಪಿಕೊಳ್ಳಬಾರದಿತ್ತು ಎಂದರು. ಹೆಂಗಸರು, ಆರತಿಯೇ ಇಲ್ಲದಿದ್ದರೆ ದಿನವಿಡೀ ಗಳೆ ಹೊಡೆದು ಬಂದವನು ಬರೀ ಹಾಡು ಕೇಳಲು ಯಾಕೆ ಬರುತ್ತಿದ್ದ ಎಂದರು. ಮೊದಲು ಪ್ರಶ್ನೆ ಕೇಳಿದ್ದ ಆ ಹಿರಿಯರು ನಮ್ಮ ಕಡೆ ತಿರುಗಿ, “ನೀವು ಏನಂತೀರಿ ಫಾದರ, ನೀವೂ ಮಹಂತರ ಹೌದಲ್ಲ?” ಎಂದು ನಕ್ಕರು. ನಾವು ಬಾಯಿ ತೆರೆಯುವಷ್ಟರಲ್ಲಿ ಕರೆಂಟು ಹೋಯಿತು, ಎಲ್ಲರೂ ಕತ್ತಲಲ್ಲಿ ಚಪ್ಪಲಿ ಹುಡುಕತೊಡಗಿದರು.